ರೇಯಾಂಶ್ ಅಂದರೆ ಏನು? ಸೋದರಳಿಯನಿಗೆ ಸೋದರತ್ತೆಯ ಪತ್ರ

ತಿಪಟೂರು

ಚಿರಂಜೀವಿ ಪುಟ್ಟುವಿಗೆ ನಿನ್ನ ಅತ್ತೆಯ ಆಶೀರ್ವಾದಗಳು.

ಬಾಣಂತಿ, ಕೂಸು ಇಬ್ಬರೂ ಆರೋಗ್ಯವಾಗಿದ್ದಾರೆ ಅಂತ ಅತ್ತಿಗೆ ಹೇಳಿದರು. ಸಂತೋಷ. ಇಲ್ಲಿ ನಾವೂ ಕ್ಷೇಮ. ನಿನ್ನ ವಾಯ್ಸ್ ಮೆಸೇಜ್ ಕೇಳಿದೆ. "ಅತ್ತೆ, ನೀವು ಕನ್ನಡ ಟೀಚರ್ ಆಗಿದ್ದವರು. ಮಗನಿಗೆ ಇಡಬೇಕು ಅಂತಿರುವ ರೇಯಾಂಶ್ ಶುದ್ಧ ಸಂಸ್ಕೃತ ಹೆಸರು, ಸೂರ್ಯನ ಮೊದಲ ಕಿರಣ ಅಂತಲೂ ವಿಷ್ಣುವಿನ ಅಂಶ ಅಂತಲೂ ಅರ್ಥ ಇದೆ ಅಂತ ಅಪ್ಪನಿಗೆ ನೀವೇ ಹೇಳಿ" ಅಂದಿದ್ದೀಯ. ಅಣ್ಣನಿಗೆ ಹೇಳುತ್ತೇನೆ, ಆದರೆ ಆ ಮಾತನ್ನಲ್ಲ. ಯಾಕೆ ಅಂತ ಫೋನಿನಲ್ಲಿ ಶುರು ಮಾಡಿದರೆ ಅರ್ಧಕ್ಕೇ "ಸರಿ ಅತ್ತೆ, ಸರಿ ಅತ್ತೆ" ಅಂತ ಇಟ್ಟುಬಿಡುತ್ತೀಯ. ಅದಕ್ಕೇ ಕೂತು ಬರೆಯುತ್ತಿದ್ದೇನೆ. ಕೂಸು ಮಲಗಿದಾಗ ಓದು.

ಮೊದಲು ಹೆಸರನ್ನು ಬಿಡಿಸಿ ನೋಡೋಣ. ‘ಅಂಶ’ ಗೊತ್ತೇ ಇದೆ, ಭಾಗ ಅಂತ. ದೇವಾಂಶ, ಶಿವಾಂಶ ಅಂದರೆ ದೇವರ ಅಂಶ, ಶಿವನ ಅಂಶ. ಅದರಲ್ಲಿ ಯಾವ ತಕರಾರೂ ಇಲ್ಲ. ಪ್ರಶ್ನೆ ಇರುವುದು ‘ರೇ’ಯಲ್ಲಿ. ಸಂಸ್ಕೃತದಲ್ಲಿ ಕಿರಣಕ್ಕೆ ಬೇಕಾದಷ್ಟು ಪದಗಳಿವೆ. ರಶ್ಮಿ, ಮಯೂಖ, ಮರೀಚಿ, ಗಭಸ್ತಿ, ಕರ, ಅಂಶು. ‘ರೇ’ ಆ ಸಾಲಿನಲ್ಲಿಲ್ಲ. ಸಂಸ್ಕೃತದ ‘ರೇ’ ಯಾರನ್ನೋ ಗದರಿಸಿ ಕೂಗುವುದು, ‘ಎಲವೋ’ ಅಂದ ಹಾಗೆ. ಕಿರಣ ಅನ್ನುವ ಅರ್ಥದ ‘ರೇ’ ಇರುವುದು ಇಂಗ್ಲಿಷಿನಲ್ಲಿ. ಎಕ್ಸ್‌ರೇ ತೆಗೆಸುತ್ತೇವಲ್ಲ, ಅದೇ ರೇ. ಅದು ಲ್ಯಾಟಿನ್ನಿಂದ ಫ್ರೆಂಚಿಗೆ, ಅಲ್ಲಿಂದ ಇಂಗ್ಲಿಷಿಗೆ ಬಂದ ಮಾತು. ಈಗ ನೀನೇ ಲೆಕ್ಕ ಹಾಕು, ‘ಸೂರ್ಯನ ಮೊದಲ ಕಿರಣ’ ಅನ್ನುವ ಅರ್ಥ ಎಲ್ಲಿಂದ ಬಂತು ಅಂತ. ವಿಷ್ಣುವಂತೂ ಈ ಹೆಸರಿನ ಯಾವ ಅಕ್ಷರದಲ್ಲೂ ಇಲ್ಲ. ಅಂಶ ಅಂತ ಇದ್ದಮೇಲೆ ಯಾರದಾದರೂ ಅಂಶ ಆಗಬೇಕಲ್ಲ, ಹಾಗೆ ಯಾರೋ ಅವನನ್ನು ತಂದು ಕೂರಿಸಿದ್ದಾರೆ.

ಸಂಧಿಯನ್ನೂ ನೋಡಿಬಿಡು, ಸುಮ್ನೆ ತಮಾಷೆಗೆ. ‘ಮಳೆ’ಗೆ ‘ಅನ್ನು’ ಸೇರಿಸಿದರೆ ‘ಮಳೆಯನ್ನು’ ಆಗುತ್ತದೆ. ಎಂಟನೇ ಕ್ಲಾಸಿನಲ್ಲಿ ಬೋರ್ಡಿನ ಮೇಲೆ ಬರೆಸುತ್ತಿದ್ದೆ, ಯಕಾರಾಗಮ ಸಂಧಿ. ಅದೇ ಪ್ರಕಾರ ರೇ + ಅಂಶ ‘ರೇಯಂಶ’ ಆಗಬೇಕು. ಸಂಸ್ಕೃತದಲ್ಲಿ ನೇ + ಅನ ‘ನಯನ’ ಆಯಿತಲ್ಲ, ಆ ದಾರಿ ಹಿಡಿದರೆ ‘ರಯಂಶ’. ನಿನ್ನ ‘ಯಾ’ಗೆ ದೀರ್ಘ ಬರಬೇಕಾದರೆ ‘ರೇಯ’ ಅನ್ನುವ ಪದ ಇರಬೇಕು. ಕಿರಣ ಅನ್ನುವ ಅರ್ಥದಲ್ಲಿ ಅಂಥ ಪದವೇ ಇಲ್ಲ. ಶಿವಾಂಶ, ದೇವಾಂಶ ಕೇಳಿ ಕೇಳಿ ಕಿವಿಗೆ ಆ ‘ಆಂಶ್’ ಹತ್ತಿಕೊಂಡಿದೆ. ಅದನ್ನು ಹಾಗೇ ತಂದು ರೇಗೆ ಅಂಟಿಸಿದ್ದಾರೆ.

ಇಷ್ಟು ಹೇಳಿದೆ ಅಂತ ಹೆಸರೇ ಬೇಡ ಅನ್ನುತ್ತಿದ್ದೇನೆ ಅಂದುಕೊಳ್ಳಬೇಡ. ಇಷ್ಟ ಇದ್ದರೆ ಇಡು. ಹೊಸದಾಗಿ ಹೆಸರು ಕಟ್ಟುವುದು ನಮ್ಮಲ್ಲಿ ತಪ್ಪೇನಲ್ಲ. ಕುವೆಂಪು ದೊಡ್ಡ ಮಗನಿಗೆ ಪೂರ್ಣಚಂದ್ರ ತೇಜಸ್ವಿ ಅಂತ ಇಟ್ಟಿದ್ದು 1938ರಲ್ಲಿ. ಎರಡನೆಯವರ ಹೆಸರು ಕೋಕಿಲೋದಯ ಚೈತ್ರ. ಆ ಕಾಲದಲ್ಲಿ ಯಾವ ಮನೆಯಲ್ಲಿ ಇತ್ತು ಅಂಥ ಹೆಸರು? ಸೊಗಸು ನೋಡು, ಕೋಕಿಲ ಒಂದು ಪದ, ಉದಯ ಇನ್ನೊಂದು ಪದ, ಎರಡೂ ಸೇರಿ ಗುಣಸಂಧಿ, ಪಕ್ಕಕ್ಕೆ ಕೋಗಿಲೆ ಕೂಗುವ ತಿಂಗಳು. ಪೂರ್ತಿ ಹೊಸದು, ಆದರೆ ಬಿಡಿಸಿದರೆ ಪ್ರತಿಯೊಂದು ತುಂಡಿಗೂ ಅರ್ಥ ಇದೆ. ಯಾರನ್ನೂ ಕೇಳಬೇಕಾಗಿಲ್ಲ.

ನಮ್ಮ ಹಳ್ಳಿ ಕಡೆಯವರೇನು ಕಮ್ಮಿ? ಸುರೇಶ, ರಮೇಶ, ಮಹೇಶ ಅಂತ ಈಶನ ಗಾಳಿ ಬೀಸಿದ ಕಾಲದಲ್ಲಿ ತಿಮ್ಮಪ್ಪನ ಮೊಮ್ಮಗ ತಿಮ್ಮೇಶ್ ಆದ, ಪುಟ್ಟಪ್ಪನ ಮೊಮ್ಮಗ ಪುಟ್ಟೇಶ್ ಆದ. ನನ್ನ ಕ್ಲಾಸಿನಲ್ಲೇ ಇದ್ದರು. ಅಚ್ಚಗನ್ನಡದ ಪುಟ್ಟನಿಗೆ ಸಂಸ್ಕೃತದ ಈಶ. ಹೀಗೆ ಕನ್ನಡಕ್ಕೂ ಸಂಸ್ಕೃತಕ್ಕೂ ಗಂಟು ಹಾಕುವುದನ್ನು ವ್ಯಾಕರಣದಲ್ಲಿ ಅರಿಸಮಾಸ ಅನ್ನುತ್ತಾರೆ. ಸುಮಾರು 1260ರಲ್ಲಿ ಶಬ್ದಮಣಿದರ್ಪಣ ಬರೆದ ಕೇಶಿರಾಜ ಅದು ಕೂಡದು ಅಂತಲೇ ಹೇಳಿದ. ಆದರೆ ಅವನೂ ಬಿರುದಾವಳಿಗಳಿಗೆ ವಿನಾಯಿತಿ ಕೊಟ್ಟಿದ್ದಾನೆ. ಮಗನ ಹೆಸರನ್ನೂ ಬಿರುದಿನ ಲೆಕ್ಕಕ್ಕೆ ಸೇರಿಸಿದರೆ ಕೇಶಿರಾಜ ಎದ್ದು ಬಂದು ಜಗಳ ಆಡುವುದಿಲ್ಲ ಬಿಡು. ಪುಟ್ಟೇಶನಿಗೆ ಕೊಟ್ಟ ಮಾಫಿ ನಿನ್ನ ರೇಯಾಂಶನಿಗೂ ಇರಲಿ. ಅವನು ಕನ್ನಡ-ಸಂಸ್ಕೃತ, ಇವನು ಇಂಗ್ಲಿಷ್-ಸಂಸ್ಕೃತ, ಅಷ್ಟೇ ವ್ಯತ್ಯಾಸ.

ಆದರೆ ಪುಟ್ಟೇಶನ ಅಪ್ಪ ‘ಇದು ವೇದದಲ್ಲಿದೆ’ ಅಂತ ಯಾರ ಹತ್ತಿರವೂ ಹೇಳಲಿಲ್ಲ. ನನ್ನ ತಕರಾರು ಇರುವುದು ಇದೊಂದರಲ್ಲೇ. ಹೆಸರು ಹೊಸದಿರಲಿ, ಅದಕ್ಕೊಂದು ಹಳೇ ವಂಶಾವಳಿ ಹುಟ್ಟಿಸಬೇಡ. ನಾಳೆ ನಿನ್ನ ಮಗ ಹೈಸ್ಕೂಲಿನಲ್ಲಿ ಸಂಸ್ಕೃತ ತಗೊಳ್ಳುತ್ತಾನೆ ಅಂತಿಟ್ಟುಕೋ. ಮೇಷ್ಟ್ರು ‘ರೇ ಅಂದರೆ ಏನಪ್ಪಾ’ ಅಂತ ಕೇಳುತ್ತಾರೆ. ಅಪ್ಪ ಹೇಳಿದ್ದು ಸುಳ್ಳು ಅಂತ ಅವನಿಗೆ ಕ್ಲಾಸಿನಲ್ಲಿ ಎಲ್ಲರ ಎದುರು ಗೊತ್ತಾಗುವುದು ಬೇಡ. ‘ಸದ್ದು ಚೆನ್ನಾಗಿತ್ತು ಕಣೋ, ನಾನೂ ಅಮ್ಮನೂ ಇಷ್ಟಪಟ್ಟು ಇಟ್ಟೆವು, ಮೊದಲರ್ಧ ಇಂಗ್ಲಿಷಿನ ಬೆಳಕು, ಕೊನೆಯರ್ಧ ಸಂಸ್ಕೃತದ ಪಾಲು’ ಅಂತ ಮನೆಯಲ್ಲೇ ಹೇಳಿಟ್ಟಿರು. ಮಕ್ಕಳಿಗೆ ಇಂಥದ್ದು ಕೇಳಲು ಬಹಳ ಖುಷಿ. ವಿಷ್ಣುವಿನ ಕಥೆಗಿಂತ ಇದನ್ನೇ ಜಾಸ್ತಿ ನೆನಪಿಟ್ಟುಕೊಳ್ಳುತ್ತಾರೆ.

ಈ ಅರ್ಥಗಳ ವಿಷಯದಲ್ಲಿ ನೀವೆಲ್ಲ ಒಬ್ಬರು ಬರೆದದ್ದನ್ನು ಇನ್ನೊಬ್ಬರು ಎತ್ತಿಕೊಂಡು ಹೋಗುತ್ತೀರಿ. ಆರವ್ ಅನ್ನುವ ಹೆಸರು ನೋಡು. ಅಕ್ಷಯ್ ಕುಮಾರ್ ಮಗನಿಗೆ ಇಟ್ಟಮೇಲೆ ಬೀದಿಗೊಬ್ಬ ಆರವ್ ಇದ್ದಾನೆ. ಕೇಳಿದರೆ ‘ಶಾಂತ’ ಅಂತ ಅರ್ಥ ಹೇಳುತ್ತಾರೆ. ‘ರವ’ ಅಂದರೆ ಸದ್ದು, ಕನ್ನಡದವರಿಗೆ ಇದನ್ನು ಯಾರೂ ಹೇಳಿಕೊಡಬೇಕಾಗಿಲ್ಲ, ಹಕ್ಕಿಗಳ ಕಲರವ ಅನ್ನುತ್ತೇವಲ್ಲ. ‘ಆರವ’ ಅಂದರೆ ಕೂಗು, ಗದ್ದಲ. ಆ ಹೆಸರಿನ ಮಕ್ಕಳನ್ನು ಸಾಕಿದವರನ್ನು ಕೇಳಿದರೆ ಸಂಸ್ಕೃತದ ಅರ್ಥವೇ ಸರಿ ಅಂತಾರೆ! ಹಾಗಂತ ಎಲ್ಲವೂ ಬೊಗಳೆಯಲ್ಲ. ವಿಹಾನ್ ಅಂದರೆ ಬೆಳಗು ಅಂತಾರೆ, ಅದು ನಿಜ. ಬಿಹಾರ, ಛತ್ತೀಸ್‌ಗಢದ ಕಡೆ ಬೆಳಗಿನ ಹೊತ್ತಿಗೆ ಇವತ್ತೂ ‘ಬಿಹಾನ್’ ಅನ್ನುತ್ತಾರೆ. ನಿಮ್ಮ ಆರ್‌ಸಿಬಿಯ ಕೊಹ್ಲಿ 2024ರಲ್ಲಿ ಮಗನಿಗೆ ಅಕಾಯ್ ಅಂತ ಇಟ್ಟಾಗ ನೀನೇ ನಗಾಡಿದ್ದೆ. ಈಶಾವಾಸ್ಯ ಉಪನಿಷತ್ತಿನಲ್ಲಿ ‘ಅಕಾಯಂ’ ಅಂತ ಸ್ಪಷ್ಟವಾಗಿ ಇದೆ, ಕಾಯ ಇಲ್ಲದವನು, ಪರಮಾತ್ಮನಿಗೆ ಹೇಳಿದ ಮಾತು. ಕೇಳಲು ಹೊಸದು, ಒಳಗೆ ಹಳೆಯದು. ರೇಯಾಂಶ್ ಇದಕ್ಕೆ ತಿರುಗಾಮುರುಗ.

ಇನ್ನು ಈ ‘ರೇ’ ಎಲ್ಲಿಂದ ಬಂತು ಅಂತ ನನಗೆ ಗೊತ್ತು. ಕೂಸು ಸ್ವಾತಿ ಎರಡನೇ ಪಾದ ಅಂತ ಪುರೋಹಿತರು ಬರೆದುಕೊಟ್ಟಿದ್ದಾರೆ. ಸ್ವಾತಿಗೆ ರೂ, ರೇ, ರೋ, ತಾ. ಎರಡನೆಯದು ರೇ. 27 ನಕ್ಷತ್ರ, ಒಂದೊಂದಕ್ಕೆ ನಾಲ್ಕು ಪಾದ, ಒಟ್ಟು 108 ಅಕ್ಷರ. ಆ ಪಟ್ಟಿಯಲ್ಲಿ ಕೆಲವಕ್ಕೆ ಹೆಸರೇ ಹುಟ್ಟುವುದಿಲ್ಲ. ಆರಿದ್ರಾ ಮೂರನೇ ಪಾದದವನಿಗೆ ‘ಙ’ ಬರುತ್ತದೆ. ‘ಙ’ದಲ್ಲಿ ಏನು ಇಡುತ್ತೀಯ? ಹಸ್ತಾ ಮೂರನೇ ಪಾದಕ್ಕೆ ‘ಣ’. ಹಿಂದಿನವರಿಗೆ ಇದು ತಲೆನೋವಾಗಿರಲಿಲ್ಲ. ನಕ್ಷತ್ರನಾಮ ಜಾತಕದಲ್ಲಿ ಇರುತ್ತಿತ್ತು, ಪೂಜೆಗೆ ಸಂಕಲ್ಪಕ್ಕೆ ಹೇಳುತ್ತಿದ್ದರು. ಕರೆಯುವ ಹೆಸರು ಬೇರೆ. ತಾತನ ಹೆಸರೋ ಮನೆದೇವರ ಹೆಸರೋ ಇರುತ್ತಿತ್ತು. ಈಗ ಆಧಾರ್ ಕಾರ್ಡಿನಲ್ಲಿರುವ ಹೆಸರೇ ನಕ್ಷತ್ರದ ಅಕ್ಷರದಲ್ಲಿ ಶುರುವಾಗಬೇಕು, ಅದೇ ಹೆಸರು ಪಕ್ಕದ ಮನೆಯ ಮಗುವಿಗೆ ಇರಬಾರದು, ಚಿಕ್ಕದಿರಬೇಕು, ಅಮೆರಿಕದವರ ಬಾಯಿಗೂ ಬರಬೇಕು. ಇಷ್ಟೆಲ್ಲ ಕಟ್ಟಳೆ ಹಾಕಿಕೊಂಡರೆ ನಿಘಂಟು ಖಾಲಿಯಾಗಿ ಹೊಸ ಹೆಸರು ಹುಟ್ಟಲೇಬೇಕು. ರೇಯಾಂಶ್ ಹುಟ್ಟಿದ್ದೂ ಹೀಗೇ ಇರಬೇಕು ಅಂತ ನನ್ನ ಊಹೆ.

ರೇ ಅಕ್ಷರಕ್ಕೆ ಹೆಸರೇ ಇಲ್ಲ ಅಂದೆಯಲ್ಲ, ಇದೆ ಮಾರಾಯ. ರೇವಂತ ಅಂತ ಕೇಳಿದ್ದೀಯಾ? ಸೂರ್ಯನ ಮಗ. ಸೂರ್ಯನ ಹೆಂಡತಿ ಸಂಜ್ಞಾದೇವಿ ಅವನ ಝಳ ತಡೆಯಲಾರದೆ ತನ್ನ ಜಾಗದಲ್ಲಿ ಛಾಯೆಯನ್ನು ಬಿಟ್ಟು ಕುದುರೆಯ ರೂಪದಲ್ಲಿ ಕಾಡಿಗೆ ಹೋದಳು. ಸೂರ್ಯನೂ ಕುದುರೆಯಾಗಿ ಹುಡುಕಿಕೊಂಡು ಹೋದ. ಆಗ ಹುಟ್ಟಿದವರು ಅಶ್ವಿನಿ ದೇವತೆಗಳು, ಅವರ ತಮ್ಮ ರೇವಂತ. ಹುಟ್ಟುವಾಗಲೇ ಕುದುರೆ ಏರಿ, ಬಿಲ್ಲುಬಾಣ ಹಿಡಿದಿದ್ದನಂತೆ. ನಿನಗೆ ಬೇಕಾದ ರೇಯೂ ಇದೆ, ಸೂರ್ಯನೂ ಇದ್ದಾನೆ, ಹೊಸದಾಗಿ ಯಾರೂ ಅರ್ಥ ಕಟ್ಟಬೇಕಾಗಿಲ್ಲ. ಇನ್ನೊಂದು ರೇವಣಸಿದ್ಧ. ರಾಮನಗರದ ಹತ್ತಿರದ ಬೆಟ್ಟ ಅದೇ ಹೆಸರಿನದು, ಎಸ್‌ಆರ್‌ಎಸ್ ಬೆಟ್ಟ ಅಂತ ನೀವು ಹುಡುಗರು ಬೈಕಿನಲ್ಲಿ ಹೋಗುತ್ತೀರಲ್ಲ, ಅದು. ಇಲ್ಲೇ ಪಕ್ಕದ ಅರಸೀಕೆರೆಯ ಸಹಸ್ರಕೂಟ ಜಿನಾಲಯವನ್ನು 1220ರಲ್ಲಿ ಕಟ್ಟಿಸಿದವನ ಹೆಸರು ರೇಚರಸ. ನಗಬೇಡ. ಎಂಟುನೂರು ವರ್ಷದ ಹಿಂದೆ ಅದೂ ಠೀವಿಯ ಹೆಸರೇ.

ಅಕ್ಷರದ ಹಟ ಬಿಟ್ಟರೆ ದಾರಿ ಇನ್ನೂ ಸಲೀಸು. ಸೂರ್ಯನೂ ಬೇಕು ವಿಷ್ಣುವೂ ಬೇಕು ಅಂದರೆ ವಿಷ್ಣು ಸಹಸ್ರನಾಮದಲ್ಲೇ ‘ರವಿರ್ವಿರೋಚನಃ ಸೂರ್ಯಃ ಸವಿತಾ ರವಿಲೋಚನಃ’ ಅಂತ ಒಂದೇ ಸಾಲಿನಲ್ಲಿ ಐದು ಹೆಸರುಗಳಿವೆ. ಕಿರಣ ಬೇಕು, ‘ಅಂಶ್’ ಸದ್ದೂ ಬೇಕು ಅಂದರೆ ಅಂಶುಮಾನ್. ಅಂಶು ಅಂದರೇ ಕಿರಣ. ರಾಮಾಯಣದಲ್ಲಿ ಸಗರ ಚಕ್ರವರ್ತಿಯ ಯಾಗದ ಕುದುರೆ ಕಳೆದುಹೋದಾಗ ಅದನ್ನು ಪಾತಾಳದಿಂದ ವಾಪಸ್ ತಂದ ಮೊಮ್ಮಗ ಅವನು, ಭಗೀರಥನಿಗೆ ತಾತ. ಅಪ್ಪ ಅಸಮಂಜ ಪುಂಡಾಟ ಮಾಡಿ ಊರು ಬಿಡಬೇಕಾಯಿತು, ಮೊಮ್ಮಗ ತಾತನ ಕೆಲಸ ಮಾಡಿಕೊಟ್ಟ. ಅಣ್ಣನಿಗೆ ಈ ಕಥೆ ಹೇಳಿದರೆ ಇಷ್ಟ ಆಗುತ್ತದೆ. ಅಸಮಂಜನ ಭಾಗ ಬಿಟ್ಟು ಹೇಳುತ್ತೇನೆ, ಹೆದರಬೇಡ.

ಸರಿ, ಇಷ್ಟು ಕೇಳಿದ ಮೇಲೂ ನಿನಗೂ ಅವಳಿಗೂ ರೇಯಾಂಶೇ ಬೇಕು ಅನ್ನಿಸಿದರೆ, ಅದರ ಪರವಾಗಿ ನಾನೇ ಒಂದು ಮಾತು ಹೇಳುತ್ತೇನೆ. ಮನೆಯಲ್ಲಿ ಮಾಡುವ ಸಂಸ್ಕಾರಗಳ ಹಳೇ ಗ್ರಂಥ ಪಾರಸ್ಕರ ಗೃಹ್ಯಸೂತ್ರದಲ್ಲಿ ಗಂಡುಮಗುವಿಗೆ ಹೆಸರಿಡುವ ನಿಯಮ ಇದೆ. ಎರಡು ಅಥವಾ ನಾಲ್ಕು ಅಕ್ಷರದ ಹೆಸರಾಗಬೇಕು. ಘೋಷಾಕ್ಷರದಿಂದ, ಅಂದರೆ ಗ, ದ, ಬ, ರ ಥರದ ಗಟ್ಟಿ ದನಿಯಿಂದ ಶುರುವಾಗಬೇಕು. ನಡುವೆ ಯ, ರ, ಲ, ವ ಇವುಗಳಲ್ಲಿ ಒಂದು ಬರಬೇಕು. ರೇ-ಯಾಂಶ್, ಎರಡು ಉಚ್ಚಾರ. ಶುರು ‘ರ’. ನಡುವೆ ‘ಯ’. ಮೂರೂ ಪಾಸು! ಕೊನೆಗೆ ದೀರ್ಘವೋ ವಿಸರ್ಗವೋ ಇರಬೇಕು, ಹೆಸರು ಧಾತುವಿನಿಂದ, ಅಂದರೆ ಕ್ರಿಯಾಪದದ ಮೂಲದಿಂದ ಬಂದಿರಬೇಕು ಅನ್ನುವ ಎರಡರಲ್ಲಿ ಫೇಲು. ಈಗಿನ ಹೆಸರುಗಳನ್ನೆಲ್ಲ ಹೇಳಿ ನೋಡು. ಆರವ್, ವಿವಾನ್, ಕಿಯಾನ್, ಅಯಾನ್. ಎಲ್ಲದರ ನಡುವೆಯೂ ಒಂದು ರ, ವ, ಯ ಕೂತಿದೆ. ಕಿವಿಗೆ ಏನು ಹಿತ ಅನ್ನುವುದು ಆ ಸೂತ್ರಕಾರರಿಗೂ ಗೊತ್ತಿತ್ತು, ನಿಮಗೂ ಗೊತ್ತಿದೆ. ಅರ್ಥ ನೋಡಿ ನೀವು ಹೆಸರಿಡುತ್ತಿಲ್ಲ, ಸದ್ದು ನೋಡಿ ಇಡುತ್ತಿದ್ದೀರಿ. ಅದನ್ನು ಒಪ್ಪಿಕೊಳ್ಳಲು ಯಾಕೆ ನಾಚಿಕೆ?

ಅಣ್ಣ ‘ಇದು ಹೆಸರೋ ಬಿಸ್ಕತ್ ಪೊಟ್ಟಣವೋ’ ಅಂದದ್ದು ನಿನಗೆ ಬೇಜಾರಾಗಿದೆ ಅಂತ ಅತ್ತಿಗೆ ಹೇಳಿದರು. ಅವನ ಮಾತು ಹಾಗೇ, ಮನಸ್ಸಿಗೆ ಹಚ್ಚಿಕೊಳ್ಳಬೇಡ. ಅವನಿಗೆ ನಿಜವಾಗಿ ನೋವಾಗಿರುವುದು ಹೆಸರಿನ ಅರ್ಥಕ್ಕಲ್ಲ. ನಮ್ಮ ಅಪ್ಪನ ಹೆಸರು ಯಾರಿಗೂ ಇಲ್ಲದೆ ನಿಂತುಹೋಗುತ್ತಲ್ಲ ಅಂತ. ನೀನು ಅವನಿಗೆ ಸಂಸ್ಕೃತ ಹೇಳಿಕೊಟ್ಟಷ್ಟೂ ಅವನು ಇನ್ನೂ ಬಿಗಿಯಾಗುತ್ತಾನೆ. ಹೆಸರಿಗಾಗಿ ಜಗಳ ಎಲ್ಲಿಯವರೆಗೆ ಹೋಗುತ್ತದೆ ಗೊತ್ತಲ್ಲ, 2024ರಲ್ಲಿ ಹುಣಸೂರಿನಲ್ಲಿ ಗಂಡ ಹೆಂಡತಿಗೆ ಮಗುವಿನ ಹೆಸರಿನ ಮೇಲೆ ಒಮ್ಮತ ಆಗದೆ ಕೊನೆಗೆ ಕೋರ್ಟಿನಲ್ಲೇ ಹೆಸರಿಡಿಸಬೇಕಾಯಿತು. ನಮ್ಮ ಮನೆಯಲ್ಲಿ ಅಷ್ಟೆಲ್ಲ ಬೇಕಾಗಿಲ್ಲ. ತೊಟ್ಟಿಲಿಗೆ ಹಾಕುವ ದಿನ ತಟ್ಟೆಯಲ್ಲಿ ಅಕ್ಕಿ ಹರಡಿ ಉಂಗುರದಲ್ಲಿ ಹೆಸರು ಬರೆಯುತ್ತೇವಲ್ಲ, ಅಲ್ಲಿ ಒಂದೇ ಹೆಸರು ಬರೆಯಬೇಕು ಅಂತ ಯಾವ ಶಾಸ್ತ್ರವೂ ಇಲ್ಲ. ಮನೆದೇವರ ಹೆಸರು, ತಾತನ ಹೆಸರು, ಆಮೇಲೆ ನಿಮ್ಮ ಹೆಸರು. ತಾತನ ಹೆಸರನ್ನು ಅಣ್ಣನ ಕೈಯಲ್ಲೇ ಬರೆಸು. ಕೂಸಿನ ಕಿವಿಯಲ್ಲಿ ಹೇಳುವುದು ಸೋದರತ್ತೆಯ ಹಕ್ಕು, ನಿನ್ನ ಕಿವಿಯಲ್ಲಿ ನಾನು ಹೇಳಿದ್ದೆ, ಈ ಸಲ ನಿನ್ನ ತಂಗಿ ಹೇಳುತ್ತಾಳೆ. ಮೂರನ್ನೂ ಹೇಳಲಿ. ಸೀರೆ ಮಾತ್ರ ಒಂದೇ ಕೊಡಿಸು.

ಈಗ ಕಾಗದ ಪತ್ರದ ವಿಷಯ. ಇದನ್ನು ಗಮನವಿಟ್ಟು ಓದು. ಹುಟ್ಟಿದ 21 ದಿನದೊಳಗೆ ಜನನ ನೋಂದಣಿಗೆ ಮಾಹಿತಿ ಹೋಗಬೇಕು, ಆಸ್ಪತ್ರೆಯವರು ಕಳಿಸಿರುತ್ತಾರೆ, ಒಂದು ಸಲ ವಿಚಾರಿಸು. ಆದರೆ ಹೆಸರನ್ನು ಆಗಲೇ ಕೊಡಬೇಕು ಅಂತಿಲ್ಲ. ಹೆಸರಿನ ಜಾಗ ಖಾಲಿ ಬಿಟ್ಟು ನೋಂದಣಿ ಮಾಡಿಸಬಹುದು. 12 ತಿಂಗಳೊಳಗೆ ಶುಲ್ಕ ಇಲ್ಲದೆ ಹೆಸರು ಸೇರಿಸಬಹುದು, ಆಮೇಲೂ 15 ವರ್ಷದವರೆಗೆ ತಡದ ಶುಲ್ಕ ಕಟ್ಟಿ ಸೇರಿಸಬಹುದು. ಹಾಗಾಗಿ ಅಪ್ಪ ಮಗ ಕೂತು ಮಾತಾಡಲು ಬೇಕಾದಷ್ಟು ಟೈಮ್ ಇದೆ. ಒಮ್ಮೆ ಸೇರಿಸಿದ ಹೆಸರನ್ನು ಬದಲಾಯಿಸುವುದು ಮಾತ್ರ ದೊಡ್ಡ ಓಡಾಟ. 2023ರ ಅಕ್ಟೋಬರ್ 1ರಿಂದ ಈಚೆಗೆ ಹುಟ್ಟಿದ ಮಕ್ಕಳಿಗೆ ಸ್ಕೂಲು, ಲೈಸೆನ್ಸು, ವೋಟರ್ ಪಟ್ಟಿ, ಪಾಸ್‌ಪೋರ್ಟು ಎಲ್ಲದಕ್ಕೂ ಜನನ ಪ್ರಮಾಣಪತ್ರವೇ ಆಧಾರ. ಅದರಲ್ಲಿ ಒಂದಕ್ಷರ ಹೆಚ್ಚು ಕಮ್ಮಿಯಾದರೆ ಅವನ ಹಿಂದೆಯೇ ಬರುತ್ತದೆ.

ನಮ್ಮಲ್ಲಿ ಪ್ರಮಾಣಪತ್ರ ಕನ್ನಡ, ಇಂಗ್ಲಿಷ್ ಎರಡರಲ್ಲೂ ಇರುತ್ತದೆ. ನೀವು ಮಾಡುವುದೇನು ಅಂದರೆ ಇಂಗ್ಲಿಷಿನಲ್ಲಿ ಬರೆದುಕೊಟ್ಟು ಬರುತ್ತೀರಿ, ಕನ್ನಡವನ್ನು ಅಲ್ಲಿ ಕೂತವರು ಊಹೆ ಮಾಡಿ ಟೈಪ್ ಮಾಡುತ್ತಾರೆ. ಸ್ಕೂಲಿನ ಅಡ್ಮಿಷನ್ ರಿಜಿಸ್ಟರಿನಲ್ಲಿ ನಾನು ಇಂಥವನ್ನು ಎಷ್ಟು ತಿದ್ದಿದ್ದೇನೋ ಲೆಕ್ಕವಿಲ್ಲ. ನಿನ್ನ ಹೆಸರೊಂದೇ ‘ರೆಯನ್ಶ್’, ‘ರೇಯಾನ್ಷ್’, ‘ರಿಯಾಂಶ್’, ‘ರೇಯಾಂಸ್’ ಹೀಗೆ ಹೇಗೆ ಬೇಕಾದರೂ ಆಗಬಹುದು. ಇಂಗ್ಲಿಷಿನಲ್ಲೂ ಇ ಆದ ಮೇಲೆ ವೈ ಬರೆಯಬೇಕಾ, ಐ ಬರೆಯಬೇಕಾ, ಎ ಒಂದಾ ಎರಡಾ ಅಂತ ಒಬ್ಬೊಬ್ಬರದು ಒಂದೊಂದು ಥರ. ಯಾವುದಾದರೂ ಒಂದು ಗೊತ್ತು ಮಾಡು. ಸಂಖ್ಯಾಶಾಸ್ತ್ರದವರ ಮಾತು ಕೇಳಿಕೊಂಡು ಇನ್ನೊಂದು ಎ ತುರುಕಬೇಡ. ‘ಶ’ವೋ ‘ಷ’ವೋ ಅನ್ನುವುದನ್ನೂ ಕೈಯಲ್ಲಿ ಬರೆದು ತೋರಿಸು. ಅಂಶಕ್ಕೆ ‘ಶ’.

ಇನ್ನೊಂದು. ನಮ್ಮ ಕನ್ನಡದ ಬಾಯಿಗೆ ವ್ಯಂಜನದಲ್ಲಿ ನಿಲ್ಲುವುದು ಒಗ್ಗುವುದಿಲ್ಲ. ಬಸ್ ‘ಬಸ್ಸು’ ಆಗುತ್ತದೆ, ಕಾರ್ ‘ಕಾರು’ ಆಗುತ್ತದೆ. ಊರಿನ ಅಜ್ಜಿ ಆಗಲೇ ಅಭ್ಯಾಸ ಶುರು ಮಾಡಿದ್ದಾರಂತೆ, ‘ರೇಯಾಂಶು, ರೇಯಾಂಶು’ ಅಂತ. ನಿನ್ನ ಹೆಂಡತಿ ತಿದ್ದಲು ಹೋದಳಂತೆ. ತಿದ್ದಬೇಡ ಅನ್ನು. ಅಂಶು ಅಂದರೆ ಕಿರಣ ಅಂತ ಮೇಲೆ ಬರೆದಿದ್ದೀನಲ್ಲ. ನೀವು ಹೆಸರಿನ ಪಟ್ಟಿಗಳಲ್ಲೆಲ್ಲ ಹುಡುಕಿದ ಅರ್ಥವನ್ನು ಅಜ್ಜಿ ಒಂದು ಕೊಂಬು ಹಾಕಿ ತಂದುಕೊಟ್ಟಿದ್ದಾರೆ. ಮನೆಯಲ್ಲಿ ಅಂಶು ಅಂತಲೇ ಕರೆಯಿರಿ. ಅಣ್ಣನಿಗೂ ಅದು ಬಾಯಿಗೆ ಬರುತ್ತದೆ.

ಅಣ್ಣನ ಹತ್ತಿರ ಭಾನುವಾರ ನಾನೇ ಮಾತಾಡುತ್ತೇನೆ. ‘ಹುಡುಗರು ಇಷ್ಟಪಟ್ಟು ಕಟ್ಟಿದ ಹೆಸರು, ಹಳೆಯದಲ್ಲ, ಅಪ್ಪನ ಹೆಸರೂ ಜೊತೆಗೆ ಇರುತ್ತದೆ’ ಅಂತ ಇದ್ದದ್ದು ಇದ್ದ ಹಾಗೆ ಹೇಳುತ್ತೇನೆ. ಅಲ್ಲಿಯವರೆಗೆ ನೀನು ಅವನಿಗೆ ಮತ್ತೆ ವಿಷ್ಣುವಿನ ಅಂಶ ಅಂತ ಫಾರ್ವರ್ಡ್ ಕಳಿಸಬೇಡ. ನಾಮಕರಣದ ಕಾರ್ಡನ್ನು ಪ್ರಿಂಟಿಗೆ ಕೊಡುವ ಮೊದಲು ಕನ್ನಡದ ಪ್ರತಿ ನನಗೊಮ್ಮೆ ಕಳಿಸು, ನೋಡಿ ಕೊಡುತ್ತೇನೆ. ಬಾಣಂತಿಗೆ ಅಂತ ಕೊಬ್ಬರಿ ತೆಗೆದಿಟ್ಟಿದ್ದೇನೆ, ಯಾರಾದರೂ ಆ ಕಡೆ ಬರುವವರಿದ್ದರೆ ಹೇಳು.

ಇಂತಿ,
ನಿನ್ನ ಅತ್ತೆ